ಪಾದ್ರಿಯ ಕಪಾಟು

ಇರುವ ಪುಸ್ತಕವನ್ನೆಲ್ಲ ಹಾಕಿದರೂ ಚೇರ್ಮನ್ನರ ತೂಕಕ್ಕೆ ಸಾಲುವುದಿಲ್ಲ ಎಂದು ಮೀನಾ ಬೆಳಿಗ್ಗೆಯೇ ಫೋನ್ ಮಾಡಿದಳು. ಇಂಗ್ಲಿಷ್ ಮೇಷ್ಟರು ವಿರೂಪಾಕ್ಷನಿಗೆ ಆಗ ಅರ್ಧ ಗಡ್ಡ ಹೆರೆದು ಮುಗಿದಿತ್ತು. ಕಾಲೇಜಿನ ಗ್ರಂಥಾಲಯದಲ್ಲಿ ಇಷ್ಟು ಬೇಗ ಕೆಲಸ ಶುರುವಾದದ್ದನ್ನು ಅವನು ತನ್ನ ನೌಕರಿಯಲ್ಲೇ ಕಂಡಿರಲಿಲ್ಲ.

“ಸರ್, ಹರದದ್ದು ಹಾಕಬ್ಯಾಡ್ರಿ, ಗೈಡ್ ಹಾಕಬ್ಯಾಡ್ರಿ ಅಂತಾರ ಪ್ರಿನ್ಸಿಪಾಲ್ರು. ಅವನ್ನ ಬಿಟ್ರ ನಮ್ಮ ಲೈಬ್ರರ್‍ಯಾಗ ಏನ ಐತ್ರಿ?”

“ವಿಶ್ವಕೋಶ?”

“ಅವು ಹೋದ ವರ್ಷನ ಚೇರ್ಮನ್ರ ಮನೀಗೆ ಹೋದ್ವಲ್ರಿ. ಸೋಫಾದ ಬಣ್ಣಕ್ಕ ಒಪ್ಪತಾವ ಅಂತ.” ಗ್ರಂಥಪಾಲಕಿ ತುಸು ತಡೆದಳು. “ಗಟ್ಟಿ ರಟ್ಟಿಂದು ಅಂದ್ರ ಇನ್ನ ನಿಮ್ಮ ಪಾದ್ರಿ ಕಪಾಟ ಒಂದ. ತಗೀಲೇನ್ರಿ?”

“ತಡೀರಿ. ನಾ ಬರತೇನಿ.”

“ಲಗೂ ಬರ್ರಿ. ಪರಶು ಆಗಲೇ ಗಾಡಿ ತಂದ ನಿಂತಾನ.”

ಉಳಿದರ್ಧ ಗಡ್ಡ ಹೆರೆಯುವಾಗ ಗದ್ದ ಕೊಯ್ದುಕೊಂಡ. ಅನ್ನಪೂರ್ಣಾ ಬಿಳಿ ಅಂಗಿಗೆ ಇಸ್ತ್ರಿ ಮಾಡಿ, ಅದನ್ನು ಎರಡೂ ಕೈಯಲ್ಲಿ ಹಿಡಿದುಕೊಂಡೇ ನಿಂತಿದ್ದಳು. ಗಂಡನಿಗೆ ಇವತ್ತು ವೇದಿಕೆಯ ಮೇಲೆ ಶಾಲು ಹೊದಿಸುತ್ತಾರೆ. ರಕ್ತ ಕಂಡು ಅವಳ ಮುಖ ಸಣ್ಣಗಾಯಿತು.

“ಇವತ್ತರ ಸಮಾಧಾನದಿಂದ ಇರ್‍ರಿ. ಕುಂತಲ್ಲೆ ಕುಂದರವಲ್ಲಿರಿ, ನಿಂತಲ್ಲೆ ನಿಂದರವಲ್ಲಿರಿ. ಚಾ?”

“ಬ್ಯಾಡ.”

“ನಾ ಮುಂದಿನ ಸಾಲಿನ್ಯಾಗ ಕುಂದರತೇನಿ,” ಎಂದಳು. ಅವನು ಕೇಳಿಸದವನಂತೆ ಸ್ಕೂಟರ್ ಒದ್ದ.

ಪಾದ್ರಿ ಬೈಲಹೊಂಗಲದ ಯಾರಿಗೂ ಏನೂ ಆಗಬೇಕಾದವನಲ್ಲ. ಹದಿನೆಂಟನೆಯ ಶತಮಾನದ ಐರ್ಲೆಂಡಿನಲ್ಲಿ ದೊಡ್ಡದೊಂದು ಇಗರ್ಜಿಯ ಮುಖ್ಯಸ್ಥನಾಗಿದ್ದು, ಉಳ್ಳವರನ್ನೂ ಆಳುವವರನ್ನೂ ವ್ಯಂಗ್ಯದ ನಯವಾದ ಮಾತಿನಲ್ಲೇ ಸುಲಿದ ಮನುಷ್ಯ. ಬಡವರ ಕೂಸುಗಳನ್ನು ಸಿರಿವಂತರ ಊಟಕ್ಕೆ ಮಾರಿದರೆ ದೇಶದ ದಾರಿದ್ರ್ಯ ನೀಗುತ್ತದೆ ಎಂದು ಮುಖದ ಗೆರೆ ಸಡಿಲಿಸದೆ ಬರೆದವನು. ವಿರೂಪಾಕ್ಷ ಅವನ ಮೇಲೆ ಪಿಎಚ್.ಡಿ. ಮಾಡಿದ್ದ. ಅವನ ಹೆಸರು ಹುಡುಗರ ನಾಲಿಗೆಯಲ್ಲಿ ಹೊರಳದೆ ‘ಪಾದ್ರಿ’ ಎಂದಾಗಿ, ಕಡೆಗೆ ಮೇಷ್ಟರ ಬಾಯಲ್ಲೂ ಅದೇ ನಿಂತಿತು.

ಪಾದ್ರಿ ತಾನೇ ಬರೆದದ್ದು ಕಪಾಟಿನಲ್ಲಿ ಒಂದು ಸಾಲು ಮಾತ್ರ. ಉಳಿದದ್ದೆಲ್ಲ ಪಾದ್ರಿಯ ಬಗ್ಗೆ ಬರೆದದ್ದು. ದಪ್ಪ ದಪ್ಪ ಜೀವನಚರಿತ್ರೆಗಳು. ಅವನ ಇಬ್ಬರು ಗೆಳತಿಯರ ಮೇಲೊಂದು. ಸಾಯುವಾಗ ತನ್ನ ಆಸ್ತಿಯನ್ನು ಹುಚ್ಚರ ಆಸ್ಪತ್ರೆಗೆ ಬರೆದಿಟ್ಟದ್ದರ ಮೇಲೊಂದು. ಅವನನ್ನು ಜೀವಮಾನವಿಡೀ ಕಾಡಿದ ಕಿವಿಯ ಮೊರೆತ, ತಲೆಸುತ್ತಿನ ಮೇಲೊಂದು. ಧಾರವಾಡದ ಹಳೆಯ ಪುಸ್ತಕದಂಗಡಿಯಲ್ಲಿ ಕೆಲವು ಸಿಕ್ಕವು, ಕೆಲವು ಅಂಚೆಯಲ್ಲಿ ಬಂದವು. ಮನೆಯಲ್ಲಿ ಧೂಳಿಗೆ ಅನ್ನಪೂರ್ಣಾಗೆ ಕೆಮ್ಮು ಹತ್ತಿದಾಗ ಎಲ್ಲವನ್ನೂ ಕಾಲೇಜಿಗೆ ದಾನ ಕೊಟ್ಟು ಬಿಟ್ಟ. ಕಾಲೇಜು ಠಸ್ಸೆ ಒತ್ತಿ ತನ್ನದಾಗಿಸಿಕೊಂಡಿತು. ಅವನ ಹೊರತು ಒಬ್ಬರೂ ಒಂದನ್ನೂ ಮನೆಗೆ ಒಯ್ದು ಓದಲಿಲ್ಲ.

ಪಾದ್ರಿಯ ಮೇಲೆ ಕನ್ನಡದಲ್ಲಿ ಒಂದು ಪುಸ್ತಕ ಬರೆಯಬೇಕೆಂದಿದ್ದ. ಮೊದಲ ಅಧ್ಯಾಯವನ್ನು ಎಷ್ಟೋ ಸಲ ಬರೆದಿದ್ದ. ಆ ಪುಸ್ತಕ ಆಗಬೇಕಾದರೆ ಈ ಕಪಾಟು ಇರಬೇಕು. ಕಪಾಟು ಹೋದರೆ, ಬರೆಯುವವನಿದ್ದೇನೆ ಎಂದು ಹೇಳಿಕೊಳ್ಳುವುದಕ್ಕೂ ಇಂಬಿರುವುದಿಲ್ಲ. ಅದು ಅವನಿಗೆ ಚೆನ್ನಾಗಿ ಗೊತ್ತಿತ್ತು.

ತಪ್ಪು ಬೇರೆ ಯಾರದೂ ಅಲ್ಲ. ಆಡಳಿತ ಮಂಡಳಿಯ ಚೇರ್ಮನ್ ದುಂಡಪ್ಪ ಸಾಹುಕಾರರ ಅಮೃತ ಮಹೋತ್ಸವ ಹೇಗೆ ಮಾಡೋಣ, ಪ್ರತಿಯೊಬ್ಬರೂ ಲಿಖಿತ ಸಲಹೆ ಕೊಡಿ ಎಂದು ಪ್ರಾಚಾರ್ಯರು ಕೇಳಿದ್ದರು. ಅದೇ ವಾರ ಓದುವ ಕೋಣೆಯನ್ನು ತೆರವು ಮಾಡಿ ಅಲ್ಲಿ ಸಾಹುಕಾರರ ಫೋಟೋಗಳನ್ನು ಸಾಲಾಗಿ ನೇತು ಹಾಕಿದ್ದರು. ವಿರೂಪಾಕ್ಷನಿಗೆ ಮೈಯೆಲ್ಲ ಉರಿಯಿತು. ಪಾದ್ರಿಯನ್ನು ನೆನೆಸಿಕೊಂಡು ಕೂತು ಬರೆದ.

ನಮ್ಮ ಗ್ರಂಥಾಲಯದ ಜ್ಞಾನವನ್ನು ಓದಿ ಅಳೆಯುವವರು ಯಾರೂ ಇಲ್ಲವಾದ್ದರಿಂದ ತೂಗಿಯಾದರೂ ನೋಡುವುದು ಲೇಸು. ಹತ್ತಿ ಪೇಟೆಯ ದೊಡ್ಡ ತಕ್ಕಡಿ ತರಿಸಿ, ಒಂದು ಕಡೆ ಮಾನ್ಯ ಚೇರ್ಮನ್ನರನ್ನೂ ಇನ್ನೊಂದು ಕಡೆ ಪುಸ್ತಕಗಳನ್ನೂ ಇಟ್ಟು ಗ್ರಂಥ ತುಲಾಭಾರ ಮಾಡಬೇಕು. ಯಾವುದು ಮೇಲೇಳುತ್ತದೆಂದು ಊರಿಗೆ ಒಮ್ಮೆ ತಿಳಿಯಲಿ. ಮುಂದೆ ಪದವಿಗಳನ್ನೂ ಇದೇ ರೀತಿ ತೂಕದ ಮೇಲೆ ಕೊಟ್ಟರೆ ಪರೀಕ್ಷೆಯ ಖರ್ಚು ಉಳಿಯುತ್ತದೆ.

ಸಭೆಯಲ್ಲಿ ಪ್ರಾಚಾರ್ಯ ಅಮೋಘಸಿದ್ದಪ್ಪ ಅದನ್ನು ಪೂರ್ತಿ, ನಿಧಾನವಾಗಿ ಓದಿದರು. ವಿರೂಪಾಕ್ಷ ನಗೆಗಾಗಿ ಕಾದ. ಇಲ್ಲವೇ ಬೈಗುಳಕ್ಕಾಗಿ. ಚಪ್ಪಾಳೆ ಬಿತ್ತು. ಮಠಗಳಲ್ಲಿ ನಾಣ್ಯದ ತುಲಾಭಾರ, ಬೆಲ್ಲದ ತುಲಾಭಾರ ಎಲ್ಲರೂ ನೋಡಿದ್ದರು, ಪುಸ್ತಕದ್ದು ಹೊಳೆದಿರಲಿಲ್ಲ. ಇತಿಹಾಸದ ಮೇಷ್ಟರು ಎದ್ದು ಬಂದು ಕೈ ಕುಲುಕಿದರು. ಪದವಿಯ ಮಾತನ್ನು ಮಾತ್ರ ಅಚ್ಚು ಹಾಕುವಾಗ ಕೈಬಿಡೋಣ, ವಿಶ್ವವಿದ್ಯಾಲಯದವರು ತಪ್ಪು ತಿಳಿದಾರು ಎಂದರು.

ಗೇಣುದ್ದದ ಜನರ ನಾಡಿಗೆ ಹೋದವನ ಬಗ್ಗೆ ಪಾದ್ರಿ ಬರೆದ ಕಟ್ಟುಕಥೆ ಓದಿ, ಇದರಲ್ಲಿ ಬಹಳಷ್ಟು ನಂಬುವಂತಿಲ್ಲ ಎಂದು ಒಬ್ಬ ಬಿಷಪ್ ದೂರಿದ್ದನಂತೆ. ಆ ಮಾತನ್ನು ವಿರೂಪಾಕ್ಷ ಪ್ರತಿ ವರ್ಷ ತರಗತಿಯಲ್ಲಿ ಹೇಳಿ ತಾನೊಬ್ಬನೇ ನಗುತ್ತಿದ್ದ. ಹುಡುಗರು ತಲೆ ಬಗ್ಗಿಸಿ ಬರೆದುಕೊಳ್ಳುತ್ತಿದ್ದರು.

ಕಾಲೇಜಿನ ಗೇಟಿಗೆ ಕಟ್ಟಿದ ಫ್ಲೆಕ್ಸಿನಲ್ಲಿ ಸಾಹುಕಾರರು ಎರಡಾಳು ಎತ್ತರ ಕೈ ಮುಗಿದು ನಿಂತಿದ್ದರು. ಕೆಳಗೆ ಮೂಲೆಯಲ್ಲಿ ವಿರೂಪಾಕ್ಷನ ಅಂಗೈಯಗಲದ ಫೋಟೋ, ಪಕ್ಕದಲ್ಲಿ ‘ಪರಿಕಲ್ಪನೆ’ ಎಂಬ ಪದ. ಅವನು ಫೋಟೋವನ್ನು ನೋಡಲಿಲ್ಲ. ಮತ್ತೆ ತಿರುಗಿ ನೋಡಿದ.

ಗ್ರಂಥಾಲಯದಲ್ಲಿ ಮೀನಾ ಕಪಾಟಿನ ಕೀಲಿ ಕೈಯಲ್ಲಿ ಹಿಡಿದುಕೊಂಡು ಕಾಯುತ್ತಿದ್ದಳು. ಅವಳಿಗೆ ಈ ಕಪಾಟಿನ ಮೇಲೆ ಪ್ರೀತಿಯೇನೂ ಇರಲಿಲ್ಲ, ಆದರೆ ಒಬ್ಬ ಮನುಷ್ಯ ಇಷ್ಟು ವರ್ಷ ಒಂದೇ ಮೂಲೆಗೆ ಬಂದು ನಿಲ್ಲುವುದನ್ನು ನೋಡಿದ್ದಳು. ಜವಾನ ಪರಶು ತಳ್ಳುಗಾಡಿಗೆ ಒರಗಿ ಬೀಡಿಯ ಚಡಪಡಿಕೆಯಲ್ಲಿದ್ದ.

“ಎಲ್ಲಿಗೆ ಹೋಗತಾವ ಇವು, ತೂಗಿದ ಮ್ಯಾಲ?” ವಿರೂಪಾಕ್ಷ ಕೇಳಿದ.

“ಮನೋಳಿಗೆ. ಅಲ್ಲಿ ಹೊಳಿ ದಂಡಿಗೆ ಸಂಸ್ಥಾದವರು ಹೊಸಾ ಸಾಲಿ ಕಟ್ಟ್ಯಾರಲ್ರಿ, ಅಲ್ಲಿಗೆ.”

“ಅದು ಕನ್ನಡ ಪ್ರಾಥಮಿಕ ಸಾಲಿ.”

“ಹೌದ್ರಿ.”

“ಅಲ್ಲಿ ಇವನ್ನ ಯಾರು ಓದತಾರ?”

ಮೀನಾ ಅವನ ಮುಖವನ್ನೇ ನೋಡಿದಳು. “ಇಲ್ಲಿ ಯಾರ ಓದತಿದ್ರು ಸರ್?” ಎಂದು ಮೆಲ್ಲಗೆ ಕೇಳಿದಳು. ಕೇಳಿದ ಮೇಲೆ ಅವಳಿಗೇ ಕೆಡುಕೆನಿಸಿತು. “ನೋಡ್ರಿ, ಇವು ತೂಗಾಕ ಬ್ಯಾಡ ಅಂತ ನೀವ ಹೋಗಿ ಪ್ರಿನ್ಸಿಪಾಲ್ರಿಗೆ ಹೇಳ್ರಿ. ಒಂದ ಮಾತಿನ ಕೆಲಸ. ನೀವು ಹೇಳಿದ್ರ ಕೇಳತಾರ ಈಗ.”

“ಹೇಳತೇನಿ.”

“ಅಲ್ಲೀತನಕ ನಾ ಕೀಲಿ ಕೊಡಂಗಿಲ್ಲ.”

ಪ್ರಾಚಾರ್ಯರ ಕೋಣೆಯಲ್ಲಿ ಅಮೋಘಸಿದ್ದಪ್ಪ ಕನ್ನಡಿಯ ಮುಂದೆ ನೆಟ್ಟಗೆ ನಿಂತಿದ್ದರು. ಸವದತ್ತಿಯಿಂದ ಕರೆಸಿದ ಮುದುಕನೊಬ್ಬ ಅವರ ತಲೆಗೆ ಗುಲಾಬಿ ಪಟಕಾ ಸುತ್ತುತ್ತಿದ್ದ. ಬಟ್ಟೆ ಬಾಗಿಲ ತನಕ ಹಾಸಿತ್ತು. ವಿರೂಪಾಕ್ಷ ಅದನ್ನು ತುಳಿಯದೆ ಎಲ್ಲಿ ನಿಲ್ಲಬೇಕೆಂದು ತಿಳಿಯದೆ ಅತ್ತಿತ್ತ ಕಾಲಿಟ್ಟ.

“ಸರ್, ಒಂದ ಮಾತಿತ್ರಿ.”

“ಹೇಳ್ರಿ. ತಲಿ ತಿರುಗಸಾಕ ಬರಂಗಿಲ್ಲ. ಕಿವಿ ಅದಾವ.”

“ಆ ತುಲಾಭಾರದ ಸಲಹಿ... ನಾ ಬರದದ್ದು.”

“ಪೇಪರದಾಗೂ ಬಂದೈತಿ. ನೋಡೀರಿಲ್ಲೋ?”

“ಅದು ಖರೇ ಅಂತ ಬರದದ್ದಲ್ರಿ.”

ಮುದುಕನ ಕೈ ನಿಂತಿತು. ಪ್ರಾಚಾರ್ಯರು ಕನ್ನಡಿಯೊಳಗಿನಿಂದ ಅವನನ್ನು ನೋಡಿದರು. “ಖರೇ ಅಲ್ಲಂದ್ರ?”

“ವ್ಯಂಗ್ಯರಿ.”

“ಯಾರ ಮ್ಯಾಲ?”

ಸಾಹುಕಾರರ ಮೇಲೆ, ನಿಮ್ಮ ಮೇಲೆ, ಕೈ ತಟ್ಟಿದ ಎಲ್ಲರ ಮೇಲೆ ಎನ್ನಬೇಕಿತ್ತು. ಪಟಕಾದ ತುದಿ ಹಿಡಿದ ಮುದುಕನೂ ಉತ್ತರಕ್ಕೆ ಕಾಯುತ್ತಿದ್ದ.

“ಯಾರ ಮ್ಯಾಲೂ ಅಲ್ರಿ. ಒಟ್ಟಾರೆ.”

“ಒಟ್ಟಾರೆ ಅಂದ್ರ ಅಡ್ಡಿ ಇಲ್ಲ ಬಿಡ್ರಿ.” ಪ್ರಾಚಾರ್ಯರು ಮುದುಕನಿಗೆ ಸುತ್ತು ಎಂದು ಸನ್ನೆ ಮಾಡಿದರು. “ನೋಡ್ರಿ ವಿರೂಪಾಕ್ಷ, ಬರೂ ತಿಂಗಳ ನಾ ನಿವೃತ್ತ ಆಗತೇನಿ. ಈ ಕುರ್ಚಿಗೆ ನಿಮ್ಮ ಹೆಸರು ಸಾವ್ಕಾರ್ರ ಬಾಯಾಗ ಒಮ್ಮೆ ಬಂದ ಹೋಗೈತಿ. ಇವತ್ತೊಂದ ದಿವಸ ಒಟ್ಟಾರೆ ಸುಮ್ನ ಇರ್‍ರಿ.”

“ಹಂಗಲ್ರಿ, ಆ ಕಪಾಟಿನ ಪುಸ್ತಕ...”

“ಯಾವ ಪುಸ್ತಕ?”

“ಏನಿಲ್ಲ ಬಿಡ್ರಿ.”

ಹೊರಗೆ ಬಂದಾಗ ಅವನಿಗೆ ಮೊದಲು ಆದದ್ದು ಸಮಾಧಾನ. ಹೇಳುವುದನ್ನು ಹೇಳಿಯಾಯಿತು, ಅವರು ಕೇಳಲಿಲ್ಲ, ಇನ್ನು ನನ್ನ ತಪ್ಪಿಲ್ಲ. ವರಾಂಡದ ಕೊನೆ ಮುಟ್ಟುವುದರೊಳಗೆ ಆ ಸಮಾಧಾನವೇ ಬಾಯಲ್ಲಿ ಕಹಿಯಾಯಿತು. ನಲ್ಲಿಗೆ ಹೋಗಿ ಬಾಯಿ ಮುಕ್ಕಳಿಸಿ ಉಗುಳಿದ. ಮತ್ತೆ ಪ್ರಾಚಾರ್ಯರ ಬಾಗಿಲ ತನಕ ಹೋಗಿ ಹಾಗೇ ತಿರುಗಿ ಬಂದ. ಕುರ್ಚಿ ತನಗೆ ಬೇಕಾಗಿಲ್ಲ ಎಂದುಕೊಂಡ. ಬೇಕಾಗಿತ್ತು.

ಅವನು ಬರುವಷ್ಟರಲ್ಲಿ ಕಪಾಟು ಬಾಯಿ ತೆರೆದು ನಿಂತಿತ್ತು. ಒಳಗೆ ಒಂದೆರಡು ಡಾಂಬರು ಗುಳಿಗೆ, ಹಲಗೆಯ ಮೇಲೆ ಪುಸ್ತಕಗಳ ಬುಡದಷ್ಟೇ ಜಾಗದಲ್ಲಿ ಧೂಳಿಲ್ಲದ ಕಪ್ಪು ಗೆರೆ.

“ಪ್ರಿನ್ಸಿಪಾಲ್ರು ಫೋನ್ ಮಾಡಿದ್ರು,” ಎಂದಳು ಮೀನಾ. “ಪುಸ್ತಕ ಯಾಕ ತಡಾ ಅಂತ. ನೀವು ಈಗ ಬಂದ ಹೋದ್ರಿ, ನಿಮ್ಮದೇನೂ ತಕರಾರಿಲ್ಲ ಅಂದ್ರು.”

ಅವಳು ಮೇಜಿನ ಖಾನೆಯಿಂದ ಒಂದು ಪುಸ್ತಕ ತೆಗೆದು ಮುಂದಿಟ್ಟಳು. ಪಾದ್ರಿಯ ಕಿವಿಯ ಮೇಲಿನದು. ರಟ್ಟು ಅವನ ಕೈ ತಾಗಿ ತಾಗಿ ಒಂದು ಕಡೆ ನುಣುಪಾಗಿತ್ತು.

“ಇದೊಂದ ತಗದ ಇಟ್ಟಿದ್ದೆ. ಚೀಲದಾಗ ಹಾಕ್ಕೊಳ್ರಿ. ನಾ ನೋಡಿಲ್ಲ.”

ತನ್ನದೇ ಪುಸ್ತಕವನ್ನು ಕದ್ದವನಂತೆ ಚೀಲಕ್ಕೆ ತುರುಕಿದ. ನೆಲ ತುಸು ಓರೆಯಾದಂತೆನಿಸಿ ಕಪಾಟಿನ ಬಾಗಿಲು ಹಿಡಿದ. ಬೆಳಿಗ್ಗೆಯಿಂದ ಹೊಟ್ಟೆಗೆ ಏನೂ ಬಿದ್ದಿರಲಿಲ್ಲ.

ಮೈದಾನದ ಪೆಂಡಾಲಿನಲ್ಲಿ ತಕ್ಕಡಿ ನಿಂತಿತ್ತು. ಹತ್ತಿ ತುಂಬಿದ ಅಂಡಿಗೆ ಚೀಲಗಳನ್ನು ತೂಗುತ್ತಿದ್ದ ಹಳೆಯ ಜೀವ. ಎರಡೂ ಕಡೆ ದಪ್ಪ ಸರಪಳಿಗೆ ಬಿಗಿದ ಮರದ ಹಲಗೆ. ಸರಪಳಿಗೆ ಚೆಂಡು ಹೂ ಸುತ್ತಿದ್ದರು. ದುಂಡಪ್ಪ ಸಾಹುಕಾರರು ಹಣೆ ತುಂಬ ವಿಭೂತಿ ಹಚ್ಚಿಕೊಂಡು ಬಂದು, ತಕ್ಕಡಿಯ ದಂಡಿಗೆಯನ್ನು ಒಮ್ಮೆ ತಟ್ಟಿ ನೋಡಿದರು. ಅವರು ಹತ್ತಿ ದಲಾಲಿಯ ಅಡತಿ ಅಂಗಡಿಯಿಂದ ಮೇಲೆ ಬಂದವರು. ಮಾತು ಕಡಿಮೆ. ಗಾದಿ ಹಾಕಿದ ಕುರ್ಚಿಯನ್ನು ಹಲಗೆಯ ಮೇಲಿಟ್ಟು ಅವರನ್ನು ಕೂರಿಸಿದರು. ಹಲಗೆ ನೆಲಕ್ಕೆ ಕೂತಿತು. ಇನ್ನೊಂದು ಕಡೆಯ ಹಲಗೆ ಎದೆಯೆತ್ತರಕ್ಕೆ ಹೋಗಿ ತೂಗಾಡಿತು.

ಪರಶು ಪುಸ್ತಕ ಪೇರಿಸತೊಡಗಿದ. ಮೊದಲು ಕಾನೂನು, ಆಮೇಲೆ ಸಸ್ಯಶಾಸ್ತ್ರ, ಆಮೇಲೆ ಸರ್ಕಾರಿ ವರದಿಗಳು. ವೇದಿಕೆಯ ಮೇಲೆ ಕೂತ ವಿರೂಪಾಕ್ಷ ಕಾಲ ಮೇಲೆ ಕಾಲು ಹಾಕಿದ, ಇಳಿಸಿದ, ಮತ್ತೆ ಹಾಕಿದ. ಹೆಗಲ ಮೇಲಿನ ಶಾಲು ಸೆಕೆಗೆ ಕಡಿಯುತ್ತಿತ್ತು. ಮುಂದಿನ ಸಾಲಿನಲ್ಲಿ ಅನ್ನಪೂರ್ಣಾ ಅವನ ಕಡೆ ನೋಡಿ, ಕೈ ಕೆಳಗೆ ಮಾಡಿ, ಸಮಾಧಾನ ಎಂಬಂತೆ ಸನ್ನೆ ಮಾಡಿದಳು.

ಕಡೆಗೆ ಪಾದ್ರಿ ಬಂದ. ಜೀವನಚರಿತ್ರೆಗಳು, ಗೆಳತಿಯರು, ಹುಚ್ಚರ ಆಸ್ಪತ್ರೆ. ಒಂದೊಂದನ್ನು ಹಾಕಿದಾಗಲೂ ವಿರೂಪಾಕ್ಷನಿಗೆ ಅದರ ಹೆಸರು ರಟ್ಟು ನೋಡದೆಯೇ ತಿಳಿಯುತ್ತಿತ್ತು. ಹಲಗೆ ಅಲ್ಲಾಡಿತು, ಇಳಿಯಲಿಲ್ಲ.

“ಇನ್ನೊಂದಷ್ಟು ಬೇಕಾಗಿದೆ,” ಎಂದರು ಪ್ರಾಚಾರ್ಯರು ಮೈಕಿನಲ್ಲಿ, ನಗಲು ನೋಡುತ್ತ. “ಯಾರ ಬಳಿಯಾದರೂ ಪುಸ್ತಕವಿದ್ದರೆ ತಂದು ಪುಣ್ಯ ಕಟ್ಟಿಕೊಳ್ಳಬೇಕು.”

ಜನ ಒಬ್ಬರನ್ನೊಬ್ಬರು ನೋಡಿದರು. ಆಮೇಲೆ ಪರಿಕಲ್ಪನೆಯವನನ್ನು ನೋಡಿದರು. ಪೆಂಡಾಲಿನ ಕಂಬಕ್ಕೆ ಒರಗಿ ನಿಂತ ಮೀನಾ ಬೇಡ ಎಂಬಂತೆ ತಲೆಯಾಡಿಸಿದಳು. ಅವನು ಎದ್ದ. ಚೀಲದ ಜಿಪ್ಪು ಎಳೆದ. ಕಿವಿಯ ಪುಸ್ತಕವನ್ನು ತಾನೇ ಒಯ್ದು ಎಲ್ಲದರ ಮೇಲಿಟ್ಟ. ಚಪ್ಪಾಳೆ ಬಿತ್ತು. ಕೈ ಹಗುರಾಯಿತು, ಆ ಹಗುರಕ್ಕೇ ಅವನಿಗೆ ನಾಚಿಕೆಯಾಯಿತು.

ಹಲಗೆ ಇಳಿಯಲಿಲ್ಲ.

ತುಲಾಭಾರ ಅರ್ಧಕ್ಕೆ ನಿಂತರೆ ಒಳ್ಳೆಯದಲ್ಲ ಎಂದು ಹಿಂದಿನ ಸಾಲಿನಲ್ಲಿ ಗುಸುಗುಸು ಎದ್ದಿತು. ಪ್ರಾಚಾರ್ಯರ ಪಟಕಾದ ಕೆಳಗೆ ಬೆವರು ಒಸರಿತು. ಆಗ ಸಾಹುಕಾರರು ಬಾಯಿ ಬಿಟ್ಟರು.

“ಯಾಕ ಚಿಂತಿ ಮಾಡತೀರಿ? ಮಾಸ್ತರು ಅದಾರಲ್ಲ. ಅಷ್ಟೂ ಪುಸ್ತಕ ಅವರ ಹೊಟ್ಟ್ಯಾಗ ಅದಾವ. ಅವರನ್ನ ಕುಂದರಸ್ರಿ.”

ಅವನು ಹಿಂದೆ ಸರಿದ. ಪ್ರಾಚಾರ್ಯರು ಮೊಣಕೈ ಹಿಡಿದಿದ್ದರು. ಯಾರೋ ಸ್ಟೂಲು ತಂದಿಟ್ಟರು. ಚಪ್ಪಲಿ ಬಿಟ್ಟು ಹತ್ತಿದ. ಪುಸ್ತಕದ ಮೇಲೆ ಕಾಲಿಡಬೇಕು ಎಂಬಲ್ಲಿಗೆ ಬಂದಾಗ ಮೈ ಗಕ್ಕನೆ ನಿಂತಿತು. ಚಿಕ್ಕಂದಿನಿಂದ ಕಾಲು ತಾಗಿದರೂ ಮುಟ್ಟಿ ಕಣ್ಣಿಗೊತ್ತಿಕೊಂಡವನು. ಬಗ್ಗಿ ಮುಟ್ಟಿ, ಎರಡೂ ಕಣ್ಣಿಗೆ ಒತ್ತಿಕೊಂಡು, ಆಮೇಲೆ ಕಾನೂನಿನ ಮೇಲೆ ಕಾಲಿಟ್ಟು, ಪಾದ್ರಿಯನ್ನು ಎಡಬಲಕ್ಕೆ ಸರಿಸಿ ವರದಿಗಳ ಮೇಲೆ ಕೂತ. ಅದಕ್ಕೂ ಜನ ಚಪ್ಪಾಳೆ ತಟ್ಟಿದರು.

ಹಲಗೆ ಧಡಕ್ಕನೆ ನೆಲ ಬಡಿಯಿತು. ಸಾಹುಕಾರರು ಕುರ್ಚಿ ಸಮೇತ ಮೇಲೆ ಹೋದರು. ಅವರ ಕಾಲುಗಳು ಗಾಳಿಯಲ್ಲಿ ಆಡಿದವು.

“ಹೆಚ್ಚಾತು. ಮ್ಯಾಲಿನವು ತಗೀ,” ಎಂದರು, ಮೇಲಿನಿಂದಲೇ, ಪರಶುವಿಗೆ.

ಮೇಲಿದ್ದದ್ದು ಪಾದ್ರಿ. ಪರಶು ವಿರೂಪಾಕ್ಷನ ಎಡಬಲದಿಂದ ಒಂದೊಂದಾಗಿ ತೆಗೆದು ತಳ್ಳುಗಾಡಿಗೆ ಹಾಕಿದ. ಗೆಳತಿಯರು ಹೋದರು, ಹುಚ್ಚರ ಆಸ್ಪತ್ರೆ ಹೋಯಿತು. ಹಲಗೆ ನೆಲ ಬಿಟ್ಟು ಮೆಲ್ಲಗೆ ಎದ್ದಿತು. ತೊಡೆಯ ಪಕ್ಕದ ಕಿವಿಯ ಪುಸ್ತಕವನ್ನು ಎಳೆದಾಗ ದಂಡಿಗೆ ನೇರವಾಯಿತು, ಮುಳ್ಳು ನಡುವೆ ನಿಂತಿತು. ಇಬ್ಬರೂ ಎದುರುಬದುರು ಸಮನಾಗಿ ತೂಗುತ್ತಿದ್ದರು.

“ತೂಗಿದ್ದೆಲ್ಲವೂ ಮನೋಳಿಯ ಶಾಲೆಗೆ ಅರ್ಪಣೆ,” ಎಂದು ಪ್ರಾಚಾರ್ಯರು ಘೋಷಿಸಿದರು. “ತೂಗದೆ ಉಳಿದದ್ದು ಗ್ರಂಥಾಲಯಕ್ಕೇ ಮರಳುತ್ತದೆ.”

“ಮಾಸ್ತರೂ ಮನೋಳಿಗೇನ್ರಿ?” ಎಂದು ಯಾರೋ ಕೂಗಿದರು.

“ತೂಗಿದ್ದನ್ನ ತಿರುಗಿ ತಗೊಳ್ಳೂ ಪದ್ಧತಿ ನಮ್ಮಲ್ಲಿ ಇಲ್ಲ,” ಎಂದರು ಸಾಹುಕಾರರು.

ಇಡೀ ಪೆಂಡಾಲು ನಕ್ಕಿತು. ಅವನು ಅಂದು ಸಭೆಯಲ್ಲಿ ಕಾದಿದ್ದ ನಗೆ ಈಗ ಬಂತು, ಹೊಟ್ಟೆ ಹಿಡಿದುಕೊಂಡು ಬಂತು. ಅನ್ನಪೂರ್ಣಾ ಸೆರಗು ಬಾಯಿಗಡ್ಡ ಹಿಡಿದು ನಕ್ಕಳು. ಆಮೇಲೆ ಗಂಡನ ಮುಖ ನೋಡಿ ನಿಲ್ಲಿಸಿದಳು.

ಕ್ಯಾಮೆರಾದವನು ಮುಂದೆ ಬಂದ. “ಸರ್, ಅಲ್ಲಾಡಬ್ಯಾಡ್ರಿ. ಅಲ್ಲಾಡಿದ್ರ ತಪ್ಪತೈತಿ.”

ಬೆಳಗಿನಿಂದ ಎಲ್ಲೂ ಕೂರಲಾಗದವನು ಮಿಸುಕದೆ ಕೂತ. ತಲೆಯೊಳಗೆ ಸಣ್ಣಗೆ ಮೊರೆಯುತ್ತಿತ್ತು. ಎದುರಿನ ವಿಭೂತಿಯ ಮುಖ ಹತ್ತಿರ ಬಂದು ದೂರ ಹೋಗುತ್ತಿತ್ತು. ಅದು ಹತ್ತಿರ ಬಂದಾಗ ಮೆತ್ತಗೆ ಮಾತಾಡಿತು.

“ನೀವು ಬರದದ್ದ ಓದಿದೆ, ಮಾಸ್ತರ. ಪೂರಾ. ಪದವಿ ತೂಕದ ಮ್ಯಾಲ ಕೊಡ್ರಿ ಅಂದೀರಲ್ಲ, ಅದನ್ನೂ. ಒಬ್ಬಾಂವನ ಕುಂತ ಭಾಳ ನಕ್ಕೆ.”

ವಿರೂಪಾಕ್ಷ ತುಟಿ ಮಾತ್ರ ಅಲ್ಲಾಡಿಸಿದ. “ತಿಳದಿತ್ತೇನ್ರಿ ನಿಮಗ?”

“ನನ್ನ ಮ್ಯಾಲ ಬರದದ್ದು ನನಗ ತಿಳೀಬಾರದೇನ್ರಿ?”

“ಮತ್ತ...”

“ಮತ್ತೇನ್ರಿ. ಸಲಹಿ ಚಲೋ ಇತ್ತು.”

ವಿರೂಪಾಕ್ಷನಿಗೆ ಮೊದಲು ಆದದ್ದು ಸಂತೋಷ. ಇಷ್ಟು ವರ್ಷಗಳಲ್ಲಿ ಅವನು ಬರೆದದ್ದನ್ನು ಬರೆದಂತೆಯೇ ಓದಿದವರು ಇವರೊಬ್ಬರೇ. ಇನ್ನೂ ಏನಾದರೂ ಹೇಳುತ್ತಾರೇನೋ, ಯಾವ ಸಾಲು ಹಿಡಿಸಿತು ಎಂದಾದರೂ ಹೇಳಲಿ ಎಂದು ಅವನು ಬಾಯಿ ತೆರೆದುಕೊಂಡು ಕಾದ. ಕಾಯುತ್ತಿದ್ದೇನೆ ಎಂದು ತಿಳಿದಾಗ ತನ್ನ ಮೇಲೇ ಅಸಹ್ಯವಾಗಿ ಬಾಯಿ ಮುಚ್ಚಿದ.

ಕೆಳಗೆ ಪರಶು ಪಾದ್ರಿಯ ಗಾಡಿಯನ್ನು ಗ್ರಂಥಾಲಯದ ಕಡೆಗೆ ತಳ್ಳಿಕೊಂಡು ಹೊರಟ. ಮೀನಾ ಕೀಲಿ ಹಿಡಿದು ಹಿಂದೆ ಹೋದಳು. ಪೆಂಡಾಲಿನ ಬಾಯಿಯಲ್ಲಿ ಮನೋಳಿಯ ಟೆಂಪೊ ಹಿಂದೆ ಹಿಂದೆ ಸರಿದು, ಹಿಂಬಾಗಿಲು ತೆರೆದು ನಿಂತಿತು.

“ಇಳಿಯೋಣೇನ್ರಿ?” ಎಂದರು ಸಾಹುಕಾರರು.

ಅವರು ಕಾಲು ಚಾಚಿ ಹೆಬ್ಬೆರಳಿನಿಂದ ನೆಲ ಹುಡುಕತೊಡಗಿದರು. ಆ ಕಡೆ ಪ್ರಾಚಾರ್ಯರೂ ಇನ್ನಿಬ್ಬರೂ ಕೈ ಕೊಟ್ಟು ನಿಂತಿದ್ದರು. ಅವರು ಇಳಿದೊಡನೆ ಧಡಕ್ಕನೆ ನೆಲ ಬಡಿಯುವ ಈ ಕಡೆ ಯಾರೂ ಇರಲಿಲ್ಲ. ಸ್ಟೂಲನ್ನೂ ಯಾರೋ ಒಯ್ದಿದ್ದರು. ವಿರೂಪಾಕ್ಷ ಚೆಂಡು ಹೂವಿನ ಮೇಲೆಯೇ ಸರಪಳಿಯನ್ನು ಎರಡೂ ಕೈಯಲ್ಲಿ ಬಿಗಿಯಾಗಿ ಹಿಡಿದು, ಆ ಹೆಬ್ಬೆರಳನ್ನೇ ನೋಡುತ್ತ, ಅಲ್ಲಾಡದೆ ಕೂತ.